ಹುನರ್ ಕೇಳಿದ ಜಹೀರುದ್ದೀನ್ ಸರ್

ಕಲಬುರಗಿ ಸೀಮೆಯಲ್ಲಿ ತರ್ಕಶಾಸ್ತ್ರ ಕಲಿಸಿದವರು ಹಲವರಿದ್ದಾರೆ. ಆದರೆ ಹದಿನೇಳರ ಹರೆಯದ ಮಕ್ಕಳನ್ನು ಎದುರಿಗೆ ಕೂರಿಸಿಕೊಂಡು, ಅವರ ಅಂಕಪಟ್ಟಿಯನ್ನು ಮಗುಚಿಟ್ಟು, ‘ಯಾವ ಕೆಲಸಕ್ಕ ಕುಂತ್ರ ನಿನಗ ಊಟದ ಹೊತ್ತು ಮರೀತದ?’ ಎಂದು ಕೇಳಿ, ಉತ್ತರ ಬರುವವರೆಗೂ ಸುಮ್ಮನೆ ಕಾದವರು ನಾನು ಕಂಡಂತೆ ಜಹೀರುದ್ದೀನ್ ಸರ್ ಒಬ್ಬರೇ. ಕಮಲಾಪುರದ ನಮ್ಮ ಪದವಿಪೂರ್ವ ಕಾಲೇಜಿಗೆ ಮೂವತ್ತೊಂದು ವರ್ಷ ಕಲಬುರಗಿಯಿಂದ ಬಸ್ಸಿನಲ್ಲಿ ಬಂದು ಹೋಗಿ, ಯಾರಿಗೂ ಬೇಡವಾಗಿದ್ದ ವೃತ್ತಿ ಮಾರ್ಗದರ್ಶನ ಕೋಶವನ್ನು ತಾವಾಗಿ ಹೊತ್ತುಕೊಂಡ ಅವರು ಈ ತಿಂಗಳ ಕೊನೆಗೆ ನಿವೃತ್ತರಾಗುತ್ತಿದ್ದಾರೆ. ಅಭಿನಂದನ ಸಂಚಿಕೆಯ ಸಂಪಾದಕರು ನನ್ನಿಂದ ನಾಲ್ಕು ಒಳ್ಳೆಯ ಮಾತು ಕೇಳಿದ್ದಾರೆ. ಒಳ್ಳೆಯ ಮಾತಿಗೇನು ಕೊರತೆಯಿಲ್ಲ. ಯಾವ ಮುಖ ಇಟ್ಟುಕೊಂಡು ಬರೆಯಲಿ ಎಂಬುದೇ ತಿಳಿಯದಾಗಿದೆ.

ನಾನು ಅವರ ವಿದ್ಯಾರ್ಥಿಯಾಗಿದ್ದುದು ಎರಡು ಸಾವಿರದ ಒಂದರಲ್ಲಿ. ಆ ವರ್ಷ ಸರ್ ಮಕ್ಕಳಿಗೆಂದು ಒಂದು ಫಾರಂ ಸಿದ್ಧಪಡಿಸಿದರು. ‘ನಿನ್ನ ನೌಕರಿಯ ಆಸೆ ಏನು?’ ಎಂದರೆ ಇಡೀ ತರಗತಿ ‘ಸರಕಾರಿ’ ಎಂದು ಬರೆದು ಕೈ ತೊಳೆದುಕೊಳ್ಳುತ್ತದೆ ಎಂಬುದು ಅವರ ಅನುಭವ. ಆದ್ದರಿಂದ ತಮ್ಮ ಮನೆಮಾತಿನ ಶಬ್ದವನ್ನೇ ಆರಿಸಿ, ‘ನಿನ್ನ ಹುನರ್ ಏನು?’ ಎಂದು ಬರೆದರು. ಹುನರ್ ಎಂದರೆ ಕೈಗೆ ಒಲಿದ ವಿದ್ಯೆ. ಸ್ಟೇಶನ್ ಬಜಾರದ ಮುದ್ರಣಾಲಯದವರು ಮಹಾ ಕನ್ನಡಾಭಿಮಾನಿಗಳು. ಸಾಬರು ಕನ್ನಡ ತಪ್ಪು ಬರೆದಿದ್ದಾರೆಂದು ಕರುಣೆಯಿಂದ ತಿದ್ದಿ, ‘ನಿನ್ನ ಹುನ್ನಾರ ಏನು?’ ಎಂದು ಐನೂರು ಪ್ರತಿ ಅಚ್ಚು ಹಾಕಿಕೊಟ್ಟರು!

ಹುನ್ನಾರವೆಂದರೆ ಒಳಸಂಚು. ಫಾರಂ ಕೈಗೆ ಬಂದಾಗ ನಾವು ಹೆದರಿದೆವು. ಸರ್‌ಗೆ ಎಲ್ಲ ಗೊತ್ತಾಗಿದೆ, ಇನ್ನು ಮುಚ್ಚಿಟ್ಟು ಫಲವಿಲ್ಲ ಎಂದುಕೊಂಡು ಎಲ್ಲರೂ ನಿಜ ಬರೆದೆವು. ಗುಫ್ರಾನ್ ಎಂಬ ಗೆಳೆಯ, ಟ್ಯೂಷನ್ನಿನ ಹೆಸರು ಹೇಳಿ ದಿನಾ ಗ್ಯಾರೇಜಿಗೆ ಹೋಗುತ್ತೇನೆಂದು ಒಪ್ಪಿಕೊಂಡ. ನಾನು, ಅಪ್ಪನ ಕಣ್ಣು ತಪ್ಪಿಸಿ ಕನ್ನಡ ಮಾಸ್ತರನಾಗುವುದೇ ನನ್ನ ಹುನ್ನಾರ ಎಂದು ಬರೆದೆ. ಸರ್ ಅವನ್ನೆಲ್ಲ ಓದಿ ಹೊಟ್ಟೆ ಹಿಡಿದುಕೊಂಡು ನಕ್ಕರಂತೆ, ಆಮೇಲೆ ಒಂದೊಂದನ್ನೂ ಮತ್ತೊಮ್ಮೆ ಓದಿದರಂತೆ. ಅಂದಿನಿಂದ ಆ ತಪ್ಪನ್ನು ತಿದ್ದಿಸಲಿಲ್ಲ. ಅದರ ಜೊತೆಗೆ ಒಂದು ನಿಯಮ ಮಾಡಿದರು: ಬರೆದುದನ್ನು ಅವರ ಹೊರತು ಯಾರೂ ಓದಬಾರದು, ಮನೆಯವರಿಗಂತೂ ಅದರ ಸುಳಿವೇ ಹೋಗಬಾರದು.

ನನ್ನ ತಂದೆ ದೌಲಪ್ಪ ಕಲಬುರಗಿಯ ಧಾನ್ಯಪೇಟೆ ನೆಹರು ಗಂಜಿನ ತೊಗರಿ ಅಡತಿಯಲ್ಲಿ ಲೆಕ್ಕ ಬರೆಯುವ ಮುನೀಮರಾಗಿದ್ದರು. ತಮ್ಮ ಗಾದಿಯ ಮೇಲೆ ನನ್ನನ್ನು ಕೂರಿಸಬೇಕೆಂಬುದು ಅವರ ಹಟ. ನನ್ನನ್ನು ಮಾಸ್ತರಿಕೆಗೆ ಬಿಡಿರೆಂದು ಕೇಳಲು ಸರ್ ನಾಲ್ಕು ಭಾನುವಾರ ಗಂಜಿಗೆ ಹೋಗಿ ಅವರ ಎದುರು ಕುಳಿತರು. ‘ಹುಡುಗ ಏನರ ಅಂದಾನೇನ್ರಿ?’ ಎಂದು ಅಪ್ಪ ಗದರಿದಾಗ, ‘ಹುಡುಗ ಏನೂ ಅಂದಿಲ್ರಿ, ನಾ ಅನ್ನಾಕತ್ತೀನಿ’ ಎಂದು ಬೈಗುಳವನ್ನೆಲ್ಲ ತಾವೇ ತಿಂದರು. ಅಪ್ಪ ಕೊನೆಗೆ ಒಪ್ಪಿದರು; ಅದು ಮೊದಲಿಗೆ ನನ್ನದೇ ಹುನ್ನಾರವೆಂಬ ಗುಟ್ಟು ಸಾಯುವವರೆಗೂ ಅವರಿಗೆ ತಿಳಿಯಲಿಲ್ಲ. ನಾನು ಮಾಸ್ತರನಾದೆ, ಮುಂದೆ ಅದೇ ಕಾಲೇಜಿನಲ್ಲಿ ಅವರ ಸಹೋದ್ಯೋಗಿಯೂ ಆದೆ.

ಇಲ್ಲಿಗೆ ನಿಲ್ಲಿಸಿದ್ದರೆ ಇದು ಅಂದವಾದ ಅಭಿನಂದನ ಲೇಖನವಾಗುತ್ತಿತ್ತು. ಮೂರು ವರ್ಷದ ಹಿಂದೆ ಸರ್ ತಮ್ಮ ಪತ್ನಿ ಚಾಂದಬಿಯವರ ಕಣ್ಣಿನ ಆಪರೇಷನ್ನಿಗೆಂದು ಹೈದರಾಬಾದಿಗೆ ಹೋಗುವಾಗ ಫಾರಂ ಇಡುತ್ತಿದ್ದ ಅಲ್ಮಾರಿಯ ಕೀಲಿಯನ್ನು ನನ್ನ ಕೈಗಿಟ್ಟರು. ನಾನು ಅಲ್ಮಾರಿ ತೆರೆದೆ, ಫಾರಂ ಓದಿದೆ. ಸೃಷ್ಟಿ ಎಂಬ ವಿಜ್ಞಾನದ ವಿದ್ಯಾರ್ಥಿನಿ, ತರಗತಿಗೇ ಮೊದಲು ಬರುವ ಹುಡುಗಿ, ಬರೆದಿದ್ದಳು: ‘ನೀಟ್ ಪೇಪರನ್ನು ಖಾಲಿ ಬಿಟ್ಟು ಬರುತ್ತೇನೆ. ಅವ್ವನ ಹೊಲಿಗೆ ಮಷಿನ್ ನಾನೇ ಬಿಚ್ಚಿ ಜೋಡಿಸುತ್ತೇನೆ ಸರ್. ನನಗೆ ಮೆಕ್ಯಾನಿಕಲ್ ಡಿಪ್ಲೊಮಾ ಕಲಿಯಬೇಕು. ಡಾಕ್ಟರ್ ಆಗುವುದು ನನ್ನಿಂದ ಆಗದು, ರಕ್ತ ಕಂಡರೆ ಕೈ ನಡುಗುತ್ತದೆ.’

ಆ ವಾರವೇ ಕಮಲಾಪುರದ ಬಸ್ ನಿಲ್ದಾಣದಲ್ಲಿ ಅವಳ ತಾಯಿ ವಿಮಲಾಬಾಯಿ ಸಿಕ್ಕರು. ಕುಪ್ಪಸ ಹೊಲಿದು ಮಗಳನ್ನು ಓದಿಸುತ್ತಿದ್ದ ವಿಧವೆ. ‘ನಮ್ಮ ಸೃಷ್ಟಿ ಡಾಕ್ಟರ್ ಆಗ್ತಾಳ್ರಿ ಸರ’ ಎಂದು ಮುಖ ಅರಳಿಸಿದರು. ಇಷ್ಟು ಜಾಣ ಹುಡುಗಿ ಕೈಗೆ ಬಂದುದನ್ನು ಕಳೆದುಕೊಳ್ಳುತ್ತಾಳಲ್ಲ ಎಂದು ನನಗೆ ಎಲ್ಲಿಲ್ಲದ ಕಾಳಜಿ ಉಕ್ಕಿತು. ನನ್ನ ನಾಲಿಗೆಗೆ ಬೆಂಕಿ ಬೀಳಲಿ! ‘ನಿಮ್ಮ ಮಗಳು ಒಂದು ಹುನ್ನಾರ ಮಾಡ್ಯಾಳ್ರಿ’ ಎಂದು ಶುರುಮಾಡಿ, ನೀಟ್ ಪೇಪರು ಖಾಲಿ ಬಿಡುವ ಮಾತನ್ನೂ ಹೇಳಿಬಿಟ್ಟೆ. ಸರ್ ಕೋಣೆಯಲ್ಲಿ ಆ ಶಬ್ದಕ್ಕೆ ಬಂದಿದ್ದ ‘ಬಚ್ಚಿಟ್ಟ ಆಸೆ’ ಎಂಬ ಅರ್ಥ ಆ ಕೋಣೆಯ ಬಾಗಿಲು ದಾಟಿರಲಿಲ್ಲ. ಕನ್ನಡದ ಮಾಸ್ತರನಾದ ನನಗೆ ಇದು ಹೊಳೆಯಬೇಕಿತ್ತು. ‘ನನ್ನ ಮ್ಯಾಲೇ ಹುನ್ನಾರ ಮಾಡ್ಯಾಳೇನ್ರಿ?’ ಎಂದು ಆ ತಾಯಿ ಬಸ್ಸನ್ನೂ ಬಿಟ್ಟು ಮನೆಯ ಕಡೆ ನಡೆದರು. ನಾಲ್ಕೇ ದಿನಕ್ಕೆ ಸೃಷ್ಟಿಯನ್ನು ಕಲಬುರಗಿಯ ಒಂದು ಕೋಚಿಂಗ್ ಹಾಸ್ಟೆಲ್ಲಿಗೆ ಸೇರಿಸಿದರು.

ಊರಿಂದ ಮರಳಿದ ಸರ್ ನನ್ನನ್ನು ಬೈಯಲಿಲ್ಲ. ಬೈದಿದ್ದರೆ ಹಗುರಾಗುತ್ತಿದ್ದೆ. ‘ಮಹಾದೇವ, ನಿಮ್ಮಪ್ಪಗ ನಾ ಹಿಂಗ ಹೇಳಿದ್ರ ನೀ ಎಲ್ಲಿರ್ತಿದ್ದಿ?’ ಎಂದರು ಅಷ್ಟೇ. ಮೂರು ಸಲ ವಿಮಲಾಬಾಯಿಯವರ ಮನೆಗೆ ಹೋದರು. ಅವರು ಚಹಾ ಕೊಟ್ಟು, ‘ಒಬ್ಬ ಸರ್ ಹುನ್ನಾರ ಅಂತಾರ, ನೀವು ಹುನರ್ ಅಂತೀರಿ. ಓದಾಕ ಬರಲಾರದಾಕಿ ನಾ, ಯಾರ ಮಾತು ನಂಬ್ಲಿ?’ ಎಂದು ಕಣ್ಣೊರೆಸಿಕೊಂಡರಂತೆ. ಸರ್ ಚಹಾ ಮುಗಿಸಿ ಎದ್ದು ಬಂದರು.

ಫಾರಮ್ಮಿನ ಗುಟ್ಟು ಮನೆ ಮುಟ್ಟಿದ ಸುದ್ದಿ ಕಾಲೇಜಿನಲ್ಲಿ ಹಬ್ಬಲು ಒಂದು ದಿನವೂ ಬೇಕಾಗಲಿಲ್ಲ. ಮರುವರ್ಷ ಸರ್ ಕೈಗೆ ಅರವತ್ತೆರಡು ಫಾರಂ ಬಂದವು. ಅರವತ್ತೆರಡರಲ್ಲೂ ಒಂದೇ ಉತ್ತರ: ಸರಕಾರಿ ನೌಕರಿ. ಸರ್ ಕನ್ನಡಕ ಏರಿಸಿಕೊಂಡು ಒಂದೊಂದನ್ನೂ ಹಿಂದೆ ಮುಂದೆ ತಿರುವಿ ನೋಡಿದರು, ಎಲ್ಲಾದರೂ ಮೂಲೆಯಲ್ಲಿ ಏನಾದರೂ ಬರೆದಿರಬಹುದೇ ಎಂದು. ನಂತರದ ಎರಡು ವರ್ಷವೂ ಹಾಗೆಯೇ ಆಯಿತು. ಅವರ ಸೇವೆಯ ಕೊನೆಯ ಮೂರು ವರ್ಷವನ್ನು ನಾನು ಹೀಗೆ ಮಾಡಿದೆ.

ಕ್ಷಮೆ ಕೇಳಲು ಹೋದಾಗ, ‘ನನಗ ಯಾಕ ಕೇಳ್ತಿ? ಆಕಿಗ ಕೇಳು’ ಎಂದರು. ಹೋದ ತಿಂಗಳು ಹಾಸ್ಟೆಲ್ಲಿಗೆ ಹೋದೆ. ಮೂರು ಸಲ ಪರೀಕ್ಷೆ ಬರೆದು ಸೀಟು ಸಿಗದೆ ನಾಲ್ಕನೆಯದಕ್ಕೆ ಓದುತ್ತಿರುವ ಸೃಷ್ಟಿ ಗೇಟಿನ ಒಳಗೇ ನಿಂತಳು. ಸೊರಗಿದ್ದಳು. ‘ಹೆಂಗದೀಯವ್ವಾ? ಡಿಪ್ಲೊಮಾಕ್ಕ ಇನ್ನೂ ಹೊತ್ತು ಮೀರಿಲ್ಲ. ನಿಮ್ಮ ಅವ್ವಗ ನಾನೇ ತಿಳಿಸಿ ಹೇಳ್ತೀನಿ. ನಿನ್ನ ಮನಸ್ಸಿನಾಗ ಏನದ, ಹೇಳು’ ಎಂದೆ.

‘ಆರಾಮ ಅದೀನ್ರಿ ಸರ. ಅವ್ವಗ ಹಂಗೇ ಹೇಳ್ರಿ’ ಎಂದು ನಮಸ್ಕಾರ ಮಾಡಿ ಒಳಗೆ ಹೋದಳು.

ಜಹೀರುದ್ದೀನ್ ಸರ್‌ಗೆ ಆಯುರಾರೋಗ್ಯ ದೊರೆಯಲಿ, ಚಾಂದಬಿಯವರೊಡನೆ ಅವರ ಮುಂದಿನ ದಿನಗಳು ನೆಮ್ಮದಿಯಿಂದ ಸಾಗಲಿ ಎಂದು ಮನಸಾರೆ ಬೇಡಿಕೊಳ್ಳುತ್ತೇನೆ. ಅವರ ಕೆಲಸ ಮುಂದುವರಿಯಲಿ ಎಂದೂ ಹಾರೈಸಬೇಕು. ಆದರೆ ಒಂದನೆಯ ತಾರೀಖಿನಿಂದ ಆ ಕೋಶದ ಹೊಣೆಯನ್ನು ಪ್ರಾಚಾರ್ಯರು ನನಗೇ ವಹಿಸಿದ್ದಾರೆ. ಗುರುವಾರ ಎರಡರಿಂದ ನಾಲ್ಕರವರೆಗೆ ಬಾಗಿಲು ತೆರೆದು ಕುಳಿತಿರುತ್ತೇನೆ. ಯಾವ ಮಗು ನನ್ನ ಹತ್ತಿರ ಬರುತ್ತದೆ ಸರ್?