ಅಂಕಣದ ನೆತ್ತಿಯ ಮೇಲಿನ ರಥ

ಮಿರ್ಚಿ ಬಜ್ಜಿ ಅಂಗಡಿಯವನು ಚಿಲ್ಲರೆ ಅಂತ ಕೈಗಿಟ್ಟ ಐವತ್ತರ ನೋಟನ್ನು ಸುಮ್ಮನೆ ತಿರುಗಿಸಿದೆ. ಹಿಂಬದಿಯಲ್ಲಿ ಹಂಪಿಯ ಕಲ್ಲಿನ ರಥ. ಅಂಕಣದ ಸರ್ ನೆನಪಾಗಿ ನಗು ಬಂತು. ಈ ನೋಟು ಹೊಸದಾಗಿ ಬಂದಾಗ ಅವರು ಅದನ್ನು ನನ್ನ ಮುಖಕ್ಕೆ ಹಿಡಿದು, "ನೋಟಿನ ಮ್ಯಾಲೂ ಹಂಪಿ ಬಂತವಾ. ಇನ್ನ ನಾ ಬ್ಯಾರೆ ಬರೀಬೇಕೇನು?" ಅಂದಿದ್ದರು.

ಹೊಸಪೇಟೆಯ ಪತ್ರಿಕಾ ಕಚೇರಿಯಲ್ಲಿ ನಾನು ಹೊಸ ವರದಿಗಾರ್ತಿ, ಅವರು ಎಲ್ಲರಿಗಿಂತ ಹಿರಿಯರು. ವಾರಕ್ಕೊಮ್ಮೆ ಊರಿನ ಬಗ್ಗೆ ಅಂಕಣ ಬರೆಯುತ್ತಿದ್ದರು. ಕಂಪ್ಲಿ ಕಡೆಯ ಕಬ್ಬಿನ ಗಾಡಿ ಸರ್ಕಲ್ಲಿನಲ್ಲಿ ಸಿಕ್ಕಿಕೊಂಡಾಗಿನ ಜಗಳ, ಸಂಡೂರಿನ ಅದಿರು ಲಾರಿ ಹೋದ ಮೇಲೆ ಮತ್ತೆ ಅಂಗಳ ತೊಳೆಯುವ ಹೆಂಗಸರ ಬೈಗುಳ, ಮದುವೆ ಸೀಸನ್ ಮುಗಿದರೆ ಬ್ಯಾಂಡಿನವರು ಏನು ಮಾಡುತ್ತಾರೆ... ಇಂಥವೇ. ಪಕ್ಕದ ಹಂಪಿಯ ಬಗ್ಗೆ ಮಾತ್ರ ಒಂದಕ್ಷರ ಇಲ್ಲ. "ಅದನ್ನ ಬರಿಯಾಕ ಜಗತ್ತೇ ಐತಿ. ನಮ್ಮೂರನ್ನ ಬರಿಯೋರು ಯಾರದಾರ?" ಅನ್ನೋರು.

ಒಂದು ದಿನ ಕೇಂದ್ರ ಕಚೇರಿಯಿಂದ ಫೋನು ಬಂತು. ಹಂಪಿ ಬಗ್ಗೆ ಬರೆಯಿರಿ, ಇಲ್ಲದಿದ್ದರೆ ಅಂಕಣ ನಿಲ್ಲಿಸುತ್ತೇವೆ ಅಂದರಂತೆ. ಸರ್ ಮುಖ ಬಾಡಿಹೋಯಿತು. "ಇದೊಂದು ನಿಂತ್ರ ನಾ ಏನ್ ಮಾಡ್ಲವಾ?" ಅಂದರು.

ಮರುದಿನ ಬೆಳಗಿನ ಮೊದಲ ಬಸ್ಸಿಗೆ ಹಂಪಿಗೆ ಹೋದರು. ಬರೆದದ್ದು ಆ ಬಸ್ಸಿನ ಬಗ್ಗೆ! ಹೊಸಪೇಟೆಯಿಂದ ಹೂವು, ಸೌತೆಕಾಯಿ ಹೊತ್ತು ದಿನಾ ಮಾರಲು ಹೋಗುವವರು, ಅವರ ಬುತ್ತಿ, ಸೀಟಿಗಾಗಿ ಅವರ ಕಿತ್ತಾಟ. ಬಸ್ಸು ಹಂಪಿ ಮುಟ್ಟುವಷ್ಟರಲ್ಲಿ ಅಂಕಣ ಮುಗಿದಿತ್ತು. ಓದಿ ನಾನು ಬಿದ್ದು ಬಿದ್ದು ನಕ್ಕೆ.

ಮೇಲಿನವರು ಪೂರ್ತಿ ಓದಿದರೋ ಇಲ್ಲವೋ, ಹಂಪಿ ಅನ್ನೋ ಹೆಸರು ಕಂಡಿತಲ್ಲ, ಅಂಕಣ ಉಳಿಯಿತು. ಆದರೆ ಅಂದಿನಿಂದ ಪ್ರತಿ ವಾರ ಅದರ ನೆತ್ತಿಯ ಮೇಲೆ ಕಲ್ಲಿನ ರಥದ ಚಿತ್ರ ಹಾಕತೊಡಗಿದರು. "ನಾ ಬರ್ದಿದ್ದು ಕಟಿಂಗ್ ಶಾಪಿಂದು, ಮ್ಯಾಲೆ ರಥ! ಥೂ ಇವರ!" ಅಂತ ಸರ್ ಪೇಪರ್ ಬಿಸಾಕುತ್ತಿದ್ದರು. ಹೇಳಿ ತೆಗೆಸಿ ಸರ್, ಅಂದೆ. "ಬ್ಯಾಡ ಬಿಡವಾ. ಬರಿಯಾಕಾದ್ರೂ ಬಿಟ್ಟಾರಲ್ಲ..." ಅಂದರು. ರಥವನ್ನು ಸಹಿಸಿಕೊಂಡೇ ಕೊನೆಯವರೆಗೂ ಬರೆದರು.

ಹೋದ ವರ್ಷ ಸರ್ ತೀರಿಕೊಂಡರು. ಮರುದಿನ ನಮ್ಮದೇ ಪತ್ರಿಕೆಯಲ್ಲಿ ತಲೆಬರಹ: 'ಹಂಪಿಯ ಅಂಕಣಕಾರ ಇನ್ನಿಲ್ಲ'. ನಾವು ಇಲ್ಲಿಂದ ಕಳಿಸಿದ್ದ ಅವರ ಫೋಟೊ ಬಿಟ್ಟು ಅದೇ ರಥ ಹಾಕಿದ್ದರು. ನನಗೆ ಬಂದ ಸಿಟ್ಟು ಅಷ್ಟಿಷ್ಟಲ್ಲ. ಅಂಕಣವೂ ಅಲ್ಲಿಗೇ ನಿಂತಿತು.

ಈಗ ನೋಟು ಕೈಯಲ್ಲಿ ಹಿಡಿದೇ ಆ ತಲೆಬರಹದ ವಿಷಯ ಮಿರ್ಚಿಯವನಿಗೆ ಹೇಳಿದೆ. ಬಾಣಲೆಯ ಮಿರ್ಚಿ ತಿರುವುತ್ತಿದ್ದವನು ನನ್ನ ಕಡೆ ತಿರುಗಿದ.

"ಸರ್ ಹಂಪಿ ಬಗ್ಗೇನೂ ಬರೀತಿದ್ರೇನ್ರಿ ಅಕ್ಕಾ? ನನಗ ಗೊತ್ತ ಇರ್ಲಿಲ್ಲ ನೋಡ್ರಿ. ಅವ್ರು ಬರೇ ನಮ್ಮದ ಬರೀತಿದ್ರು."

ಈ ಮಾತು ಕೇಳಲಿಕ್ಕಾದರೂ ಸರ್ ಇರಬೇಕಿತ್ತು.