ಸದ್ದಿಲ್ಲದ ಒಂದು ನಿಮಿಷ

ನನಗೆ ಎಂಟು ವರ್ಷವಿದ್ದಾಗ, ಅಮೆರಿಕದ ಶುಗರ್ ಲ್ಯಾಂಡ್ ಎಂಬ ಊರಿನ ನಮ್ಮ ಬೀದಿಯಲ್ಲಿ ಬೇರೆ ದೇಶದ ಕ್ಯಾಸೆಟ್ಟನ್ನೂ ಓಡಿಸುವ ವಿಸಿಆರ್ ಇದ್ದದ್ದು ನಮ್ಮ ಮನೆಯಲ್ಲಿ ಮಾತ್ರ. ವಿಸಿಆರ್ ಎಂದರೆ ಟಿವಿಗೆ ಜೋಡಿಸಿ ಸಿನಿಮಾ ನೋಡುವ ಪೆಟ್ಟಿಗೆ. ಮೈಸೂರಿನಿಂದ ಬಂದ ಚಿಕ್ಕಮ್ಮನ ಮದುವೆ ಕ್ಯಾಸೆಟ್ ಅಲ್ಲಿನ ಮಾಮೂಲಿ ವಿಸಿಆರ್‌ನಲ್ಲಿ ಬರೀ ಗೆರೆ ತೋರಿಸಿದ್ದಕ್ಕೆ ಅಪ್ಪ ಹಿಲ್‌ಕ್ರಾಫ್ಟ್ ಬೀದಿಯ ಇಂಡಿಯನ್ ಅಂಗಡಿಯಿಂದ ಈ ವಿಸಿಆರ್ ತಂದಿದ್ದರು. ಅದರ ಮೇಲೆ ಅವರಿಗೆ ವಿಪರೀತ ಜಂಬ.

ಪಕ್ಕದ ಮನೆಯಲ್ಲಿ ಫಿನ್‌ಲ್ಯಾಂಡಿನ ಅಜ್ಜಿಯೊಬ್ಬರಿದ್ದರು. ಎಂಬತ್ತೇಳು ವರ್ಷ. ಹದಿನೇಳನೆಯ ವಯಸ್ಸಿನಲ್ಲಿ ತಮ್ಮ ದೇಶದ ಒಂದು ಮೂಕಿ ಚಿತ್ರದಲ್ಲಿ ಕೆಲಸದ ಹುಡುಗಿಯ ಪಾತ್ರ ಮಾಡಿದ್ದರಂತೆ. ಅದು ತೆರೆಗೆ ಬರುವ ಮೊದಲೇ ಹಡಗು ಹತ್ತಿ ಅಮೆರಿಕಕ್ಕೆ ಬಂದುಬಿಟ್ಟರು. ಆಮೇಲೆ ಅದರ ರೀಲುಗಳು ಸುಟ್ಟುಹೋದವು. ತಾವು ನಟಿಸಿದ್ದನ್ನು ಅವರು ಒಮ್ಮೆಯೂ ನೋಡಿರಲಿಲ್ಲ. ಎಪ್ಪತ್ತು ವರ್ಷಗಳ ಮೇಲೆ ಒಂದು ತುಣುಕು ಎಲ್ಲೋ ಸಿಕ್ಕಿ, ಫಿನ್‌ಲ್ಯಾಂಡಿನಿಂದ ಅದರ ಕ್ಯಾಸೆಟ್ ಬಂದಿತ್ತು. ಅವರ ಮನೆಯ ವಿಸಿಆರ್‌ನಲ್ಲಿ ಅದೂ ಬರೀ ಗೆರೆ.

ಒಂದು ಭಾನುವಾರ ಮಧ್ಯಾಹ್ನ ಅಜ್ಜಿ ಇಸ್ತ್ರಿ ಮಾಡಿದ ನೀಲಿ ಡ್ರೆಸ್ ತೊಟ್ಟು, ಲಿಪ್‌ಸ್ಟಿಕ್ ಹಚ್ಚಿಕೊಂಡು, ಆ ಕ್ಯಾಸೆಟ್ ಹಿಡಿದು ಬಂದು ನಮ್ಮ ಸೋಫಾದ ತುದಿಯಲ್ಲಿ ಕೂತರು. ಮನೆಯೆಲ್ಲ ಹುಳಿಯ ಒಗ್ಗರಣೆಯ ಘಮ. ಅಮ್ಮ ಕೊಟ್ಟ ಕಾಫಿಯನ್ನು ಪಕ್ಕಕ್ಕಿಟ್ಟು ಅವರು ಖಾಲಿ ಟಿವಿಯನ್ನೇ ನೋಡತೊಡಗಿದರು.

ಚಿತ್ರ ಬಂತು, ಸದ್ದು ಬರಲಿಲ್ಲ. ಅಪ್ಪನಿಗೆ ಮಾನ ಹೋದಂತಾಯಿತು. ವಾಲ್ಯೂಮ್ ಏರಿಸಿದರು, ವೈರ್ ಕಿತ್ತು ಮತ್ತೆ ಚುಚ್ಚಿದರು, ಟಿವಿಯ ತಲೆಗೆ ಎರಡು ತಟ್ಟಿದರು. ಅದು ಮೂಕಿ ಎನ್ನುವುದೇ ಅವರಿಗೆ ಮರೆತುಹೋಗಿತ್ತು. ನಾನೂ ದೊಡ್ಡ ಮೆಕ್ಯಾನಿಕ್ಕಿನ ಹಾಗೆ ಟಾರ್ಚ್ ಹಿಡಿದು ಅವರ ಪಕ್ಕ ನಿಂತಿದ್ದೆ.

“ರೀ, ಈಚೆ ಬನ್ನಿ. ಅವ್ರ ಪಾರ್ಟು ಬಂದು ಹೋಯ್ತು ಅನ್ಸತ್ತೆ,” ಎಂದರು ಅಮ್ಮ.

ತಿರುಗಿ ನೋಡಿದೆವು. ಅಜ್ಜಿ ಕತ್ತು ಚಾಚಿಕೊಂಡು ಕೂತಿದ್ದರು. ಅವರಿಗೆ ಕಂಡದ್ದು ಅಪ್ಪನ ಬೆನ್ನು ಮಾತ್ರ. ನಾಚಿಕೆಯಿಂದ ನನಗೆ ಅಳು ಬಂತು.

ಅಪ್ಪ ರಿವೈಂಡ್ ಮಾಡಿ ನೆಲದ ಮೇಲೆ ಕೂತರು. ಹಾಲಿನ ಪಾತ್ರೆ ಹಿಡಿದ ಹುಡುಗಿಯೊಬ್ಬಳು ಅಂಗಳ ದಾಟಿದಳು. ನಡುವೆ ನಿಂತು, ಬಲಕ್ಕೆ ತಿರುಗಿ ಬಾಯಿತುಂಬ ನಕ್ಕು ಒಳಗೆ ಹೋದಳು. ಅಷ್ಟೇ, ಒಂದು ನಿಮಿಷವೂ ಇಲ್ಲ.

ಯಾರನ್ನು ನೋಡಿ ನಕ್ಕಿರಿ ಎಂದು ನಾನು ಕೇಳಿದೆ.

“ನನ್ನ ತಂಗೀನ. ಕ್ಯಾಮೆರಾ ಪಕ್ಕ ನಿಂತು ನನ್ನ ಅಣಕಿಸ್ತಿದ್ಲು,” ಎಂದರು ಅಜ್ಜಿ, ಇಂಗ್ಲಿಷಿನಲ್ಲಿ.

ಹಡಗು ಹತ್ತಿದ ಮೇಲೆ ಆ ತಂಗಿಯನ್ನು ಅವರು ಮತ್ತೆ ನೋಡಲೇ ಇಲ್ಲವಂತೆ. ಅವಳದೊಂದು ಫೋಟೊ ಕೂಡ ಇಲ್ಲವಂತೆ. ಅಂದು ಕ್ಯಾಸೆಟ್ಟನ್ನು ಆರು ಸಲ ಹಾಕಿದೆವು. ಹುಡುಗಿ ನಕ್ಕಾಗಲೆಲ್ಲ ಅಜ್ಜಿಯ ಕಣ್ಣು ಟಿವಿಯ ಬಲ ಅಂಚಿಗೆ ಹೋಗಿ ಅಲ್ಲೇ ನಿಲ್ಲುತ್ತಿತ್ತು.

ನಿಮಗೇನು ಮಕ್ಕಳೇ, ನೀವಿಟ್ಟ ಮೊದಲ ಹೆಜ್ಜೆಯನ್ನೇ ನಾಲ್ಕು ಫೋನುಗಳು ಹಿಡಿದಿವೆ. ನೋಡಿ ಮುಗಿಸಲು ನನಗೆ ಇನ್ನೊಂದು ಜನ್ಮ ಬೇಕು. ಆದರೂ ಪ್ರತಿ ವಿಡಿಯೊದಲ್ಲೂ “ಯಾರ್ನ ನೋಡಿ ನಗ್ತಿದೀಯ?” ಎಂದು ಕೇಳಿ ನಾನು ನಿಮ್ಮ ತಲೆ ತಿನ್ನುತ್ತೇನಲ್ಲ, ಒಂದು ಕೆಲಸ ಮಾಡಿ: ನೀವು ಯಾರನ್ನು ನೋಡಿ ನಗುತ್ತೀರೋ ಅವರನ್ನೂ ಒಮ್ಮೆ ಫೋನಿನಲ್ಲಿ ಹಿಡಿದಿಡಿ.