ಅಟ್ಟದಯ್ಯ ಯಾರ ಮನೆಯವನು?

ಬೆಳಗಿನ ಐದೂವರೆ. ಹೊನ್ನವಳ್ಳಿ ಕಡೆಯ ಹಳೇಪಾಳ್ಯದಲ್ಲಿ ಹಾಲಿನ ಡೈರಿಯ ಬೀಗ ತೆಗೆಯುವ ಗಂಗಲಕ್ಷ್ಮಿ ಮೊದಲು ಮಾಡುವ ಕೆಲಸಕ್ಕೂ ಹಾಲಿಗೂ ಸಂಬಂಧವಿಲ್ಲ. ಚಪ್ಪಲಿಯನ್ನು ಬಾಗಿಲಾಚೆ ಬಿಟ್ಟು, ದೀಪ ಹಾಕಿ, ಸೆರಗನ್ನು ಸೊಂಟಕ್ಕೆ ಸಿಕ್ಕಿಸಿ ನೇರವಾಗಿ ಗೋಡೆಯ ಕರಿಹಲಗೆಯ ಮುಂದೆ ನಿಲ್ಲುತ್ತಾರೆ. ಹಲಗೆಯ ಮೇಲಿನರ್ಧ ಸಂಘದ್ದು. ಅಲ್ಲಿ ತಾರೀಕು, ನಿನ್ನೆಯ ಹಾಲಿನ ಲೀಟರು, ದನದ ಡಾಕ್ಟರು ಬರುವ ದಿನ. ಕೆಳಗಿನರ್ಧ ಗಂಗಲಕ್ಷ್ಮಿಯವರದು. ಅಲ್ಲಿ ಸೀಮೆಸುಣ್ಣದಿಂದ ಮೂರು ಚೌಕ ಎಳೆಯುತ್ತಾರೆ.

ಮೊದಲ ಚೌಕದಲ್ಲಿ ಗರಿಗರಿ ಪಂಚೆ ಉಟ್ಟು ಮದುವೆಗೆ ಹೊರಟ ಒಬ್ಬ ಗಂಡಸು, ಬಾಗಿಲಲ್ಲಿ ಕೈಬೀಸಿ ಕರೆಯುತ್ತಿರುವ ಹೆಂಡತಿ. ಎರಡನೆಯದರಲ್ಲಿ ಅದೇ ಗರಿಗರಿ ಪಂಚೆಯಲ್ಲಿ ಅವನು ಏಣಿ ಹತ್ತಿದ್ದಾನೆ, ಅಟ್ಟದ ಮೇಲಿನ ತೆಂಗಿನಕಾಯಿಯೊಂದನ್ನು ಕಿವಿಗೆ ಹಿಡಿದು ಅಲ್ಲಾಡಿಸುತ್ತಿದ್ದಾನೆ. ಮೂರನೆಯದರಲ್ಲಿ ಮದುವೆ ಮುಗಿದಿದೆ. ತಾಂಬೂಲದ ಚೀಲದಲ್ಲಿ ಕೊಟ್ಟ ಕಾಯಿಯನ್ನೂ ಅವನು ಕಿವಿಗೆ ಹಿಡಿದು ಅಲ್ಲಾಡಿಸುತ್ತಿದ್ದಾನೆ. ಅಲ್ಲಿಗೆ ಇವತ್ತಿನ ಕಥೆ ಮುಗಿಯಿತು. ಹೆಚ್ಚೆಂದರೆ ಹತ್ತು ನಿಮಿಷದ ಕೆಲಸ. ಗಂಗಲಕ್ಷ್ಮಿ ಕೈಯ ಸುಣ್ಣ ಕೊಡವಿ, ಹಾಲಿನ ಮೆಷಿನ್ನಿನ ಮೇಲೆ ಹೊದಿಸಿದ ಬಟ್ಟೆ ತೆಗೆಯುತ್ತಾರೆ.

ಆರು ಗಂಟೆಗೆ ಕ್ಯಾನುಗಳ ಸದ್ದು ಶುರುವಾಗುತ್ತದೆ. ಮೊದಲು ಬರುವವರು ನಿಂಗಮ್ಮ. ಎಪ್ಪತ್ತು ದಾಟಿದ ಅಜ್ಜಿ, ಕೈಯಲ್ಲಿ ಪುಟ್ಟ ಸ್ಟೀಲ್ ಕ್ಯಾನು. ಹಲಗೆಯ ಮುಂದೆ ನಿಂತು ಮೂರೂ ಚೌಕ ನೋಡುತ್ತಾರೆ, ಸೆರಗು ಬಾಯಿಗೆ ಅಡ್ಡ ಹಿಡಿದು ನಗುತ್ತಾರೆ, ಬಂದ ದಾರಿಯಲ್ಲೇ ಹೊರಟುಹೋಗುತ್ತಾರೆ. ಕ್ಯಾನಿನ ಮುಚ್ಚಳ ತೆಗೆಯುವುದೇ ಇಲ್ಲ. ಏಕೆಂದು ಹಳೇಪಾಳ್ಯಕ್ಕೆ ಬಹಳ ಕಾಲ ಗೊತ್ತಿರಲಿಲ್ಲ, ಕೇಳಲು ಯಾರಿಗೂ ಪುರುಸೊತ್ತೂ ಇರಲಿಲ್ಲ.

ಏಣಿ ಹತ್ತುವ ಆ ಗಂಡಸಿನ ಹೆಸರು ಅಟ್ಟದಯ್ಯ. ಊರಿನ ಯಾವ ಪಟ್ಟಿಯಲ್ಲೂ ಅವನಿಲ್ಲ, ಆದರೆ ಅವನನ್ನು ಕಾಣದ ಮನೆಯಿಲ್ಲ. ಅವನಿಗಿರುವುದು ಒಂದೇ ಕಾಯಿಲೆ, ಆತುರ. ಈ ಸೀಮೆಯ ಉಂಡೆ ಕೊಬ್ಬರಿ ಆಗುವ ಬಗೆಯೇ ಅಂಥದ್ದು. ಬಲಿತ ಕಾಯಿಯನ್ನು ಸುಲಿಯದೆ ಅಟ್ಟಕ್ಕೆ ಏರಿಸಿದರೆ ಹತ್ತು ಹನ್ನೊಂದು ತಿಂಗಳು ಅದರ ಸುದ್ದಿಗೆ ಹೋಗಬಾರದು. ಒಳಗಿನ ನೀರು ತಾನಾಗಿ ಇಂಗಬೇಕು, ಕೊಬ್ಬರಿ ಚಿಪ್ಪು ಬಿಡಬೇಕು. ಅಲ್ಲಾಡಿಸಿದರೆ ಒಳಗೆ ಗಡಗಡ ಎನ್ನಬೇಕು. ಅಷ್ಟು ದಿನ ಸುಮ್ಮನಿರುವುದು ಮನುಷ್ಯರಿಂದ ಆಗುವ ಮಾತೇ? ಆರನೇ ತಿಂಗಳಿಗೇ ಒಬ್ಬೊಬ್ಬರಾಗಿ ಏಣಿ ಹತ್ತುತ್ತಾರೆ. ಒಂದು ಕಾಯಿ ಕಿವಿಗೆ ಹಿಡಿಯುತ್ತಾರೆ. ನೀರಿನ ಸದ್ದನ್ನೇ ಕೊಬ್ಬರಿಯ ಸದ್ದೆಂದು ಕಿವಿಯನ್ನು ಒಪ್ಪಿಸಿ ಮಚ್ಚು ಹಾಕುತ್ತಾರೆ. ಒಳಗೆ ನೋಡಿದರೆ ಅರೆಹಸಿ. ಆ ಹೋಳು ಚಟ್ನಿಗೆ ರುಚಿಸುವುದಿಲ್ಲ, ಮಂಡಿಯವರು ಮೂಸುವುದೂ ಇಲ್ಲ. ಹೆಂಡತಿಯ ಕಣ್ಣಿಗೆ ಬೀಳುವ ಮೊದಲು ಅದನ್ನು ಎಲ್ಲಾದರೂ ಸಾಗಹಾಕಬೇಕು. ವರ್ಷ ವರ್ಷವೂ ಇದೇ ತಪ್ಪು, ಅದೇ ಮನೆಗಳಲ್ಲಿ.

ಗಂಗಲಕ್ಷ್ಮಿಗೆ ಈ ಅಟ್ಟಗಳೆಲ್ಲ ಚಿಕ್ಕಂದಿನಿಂದ ಗೊತ್ತು. ಅವರ ತಂದೆ ದುರ್ಗಯ್ಯ ಕಾಯಿ ಸುಲಿಯುವವರು. ನೆಲಕ್ಕೆ ನೆಟ್ಟ ಕಬ್ಬಿಣದ ಮೊನೆಗೆ ಕಾಯಿ ಕುಕ್ಕಿ ದಿನಕ್ಕೆ ಸಾವಿರದ ತನಕ ಸುಲಿಯುತ್ತಿದ್ದ ಕೈ ಅದು. ತೋಟದವರು ಕರೆದ ದಿನ ಅವರು ಮೊದಲು ಒಂದು ಕಾಯಿ ಎತ್ತಿ ಅಲ್ಲಾಡಿಸುತ್ತಿದ್ದರು. "ಇನ್ನೂ ಆಗಿಲ್ಲ ಸ್ವಾಮಿ, ಇನ್ನೊಂದ್ ತಿಂಗ್ಳು ಬುಡಿ" ಎಂದು ಮೊನೆಯನ್ನು ಹೆಗಲಿಗೇರಿಸಿ ವಾಪಸಾಗುತ್ತಿದ್ದರು. ಅವತ್ತಿನ ಕೂಲಿ ಹೋಯಿತು. ಸುಮ್ಮನೆ ಸುಲಿದುಕೊಟ್ಟಿದ್ದರೆ ಕೇಳುವವರಿರಲಿಲ್ಲ.

"ನಮ್ಮಪ್ಪನ ಕಿವಿ ಸುಳ್ಳು ಹೇಳ್ತಿರ್ಲಿಲ್ಲ ಕಣ್ರೀ" ಎನ್ನುತ್ತಾರೆ ಗಂಗಲಕ್ಷ್ಮಿ. "ಊರೋರ ಕಾಯಿನೆಲ್ಲ ಕೇಳಿದ್ ಕಿವಿ. ನಮ್ಮನೇಲಿ ಮಾತ್ರ ಅಟ್ಟಾನೇ ಇರ್ಲಿಲ್ಲ."

ಚಿತ್ರದ ಗೀಳು ಹತ್ತಿದ್ದು ಶಾಲೆಯಲ್ಲಿ. ಮೇಷ್ಟರು ಓದಿ ಬಿಟ್ಟ ಹಳೆಯ ಪತ್ರಿಕೆಗಳ ಮೂಲೆಯಲ್ಲಿ ಮೂರ್ನಾಲ್ಕು ಚೌಕದ ಚಿತ್ರಕಥೆ ಇರುತ್ತಿತ್ತು. ಹುಡುಗಿ ಅದನ್ನು ಕತ್ತರಿಸಿ, ಅನ್ನದಗುಳಿನಿಂದ ನೋಟ್‌ಬುಕ್ಕಿಗೆ ಅಂಟಿಸುತ್ತಿದ್ದಳು. ಅದರಲ್ಲಿನ ಜನ ಯಾವ ಊರಿನವರೋ ಏನೋ. ಅವರ ಮನೆಯಲ್ಲಿ ಮೆತ್ತನೆಯ ಕುರ್ಚಿಗಳಿದ್ದವು, ನಾಯಿ ಒಳಗೇ ಮಲಗುತ್ತಿತ್ತು. ಆದರೂ ಅವರು ತಮ್ಮ ಕೇರಿಯವರೇ ಎಂದು ಅವಳಿಗೆ ಖಾತ್ರಿಯಾಗಿತ್ತು.

"ಯಾಕಂದ್ರೆ ಅವ್ರೂ ದಿನಾ ಒಂದೇ ಅಂಗಿ ಹಾಕೋರು" ಎಂದು ನಗುತ್ತಾರೆ. "ಸೋಮಾರಾನೂ ಅದೇ, ಶನಿವಾರಾನೂ ಅದೇ. ಪಾಪ, ನಮ್ಮಂಗೆ ಇವ್ರಿಗೂ ಇನ್ನೊಂದಿಲ್ಲ ಅನ್ಕಂಡಿದ್ದೆ. ಬೈಸ್ಕಳೋದೂ ದಿನಾ ಒಂದೇ ತಪ್ಪಿಗೆ. ನಮ್ಮನೇಲೂ ಅಂಗೇ ತಾನೆ?"

ಚಿತ್ರಕಥೆಯ ಜನ ನಮಗೇಕೆ ಇಷ್ಟು ಹತ್ತಿರದವರು ಎಂಬುದಕ್ಕೆ ಪಂಡಿತರು ಏನೇನು ಹೇಳುತ್ತಾರೋ, ಇದಕ್ಕಿಂತ ನೇರವಾದ ಉತ್ತರ ಸಿಗುವುದು ಕಷ್ಟ. ಅವರಿಗೆ ವಯಸ್ಸಾಗುವುದಿಲ್ಲ, ಬುದ್ಧಿಯೂ ಬರುವುದಿಲ್ಲ. ನಿನ್ನೆ ಎಡವಿದ ಕಲ್ಲನ್ನೇ ಇವತ್ತೂ ಎಡವುತ್ತಾರೆ. ಬುದ್ಧಿ ಬಂದವರನ್ನು ಕಂಡರೆ ನಮಗೆ ಗೌರವ ಬರಬಹುದು, ಬಾರದವರನ್ನು ಕಂಡರೆ ಪ್ರೀತಿ ಬರುತ್ತದೆ.

ಈಗ ನಲವತ್ತೇಳರ ಗಂಗಲಕ್ಷ್ಮಿ ಈ ಡೈರಿಯಲ್ಲಿ ಹಾಲು ಪರೀಕ್ಷೆ ಮಾಡಲು ಸೇರಿ ಹದಿನೆಂಟು ವರ್ಷ. ಎಂಬತ್ತಾರು ಮನೆಯ ಹಾಲು, ಬೆಳಗ್ಗೆ ಸಂಜೆ ಎರಡು ಹೊತ್ತು. ಹಬ್ಬವಿರಲಿ, ಜ್ವರವಿರಲಿ, ಹಸುವಿಗೆ ರಜೆಯಿಲ್ಲ, ಆದ್ದರಿಂದ ಇವರಿಗೂ ಇಲ್ಲ. ಹಾಲು ನೀರಾಗಿದೆ ಎಂದು ಮುಖಕ್ಕೆ ಹೇಳಬೇಕಾದ ಕೆಲಸ ಇದು, ನಿಷ್ಠುರ ತಪ್ಪಿದ್ದಲ್ಲ. ಸೇರಿದ ಹೊಸದರಲ್ಲಿ "ದುರ್ಗಯ್ಯನ ಮಗಳು ನಮ್ಮ ಹಾಲು ನೋಡೋದಾ" ಎಂದು ಮೂಗು ಮುರಿದವರೂ ಇದ್ದರು. ಗಂಗಲಕ್ಷ್ಮಿ ಅದನ್ನು ದೊಡ್ಡದು ಮಾಡುವುದಿಲ್ಲ. "ಅಂದೋರು ಅಂದ್ರು. ಮೆಷಿನ್ ತೋರ್ಸಿದ್ದನ್ನ ನಾನು ಬರ್ದೆ. ಆಮ್ಯಾಕೆ ಅವ್ರೇ ಸರಿಹೋದ್ರು" ಎಂದು ಮುಗಿಸಿಬಿಡುತ್ತಾರೆ.

ಅಟ್ಟದಯ್ಯ ಹುಟ್ಟಿದ್ದು ಹದಿನಾರು ವರ್ಷದ ಹಿಂದೆ, ಕರೆಂಟು ಹೋಗಿ ಮೆಷಿನ್ ನಿಂತ ಒಂದು ಬೆಳಗ್ಗೆ. ಕ್ಯಾನು ಮೊದಲಿಟ್ಟವರು ಯಾರು ಎಂದು ಸಾಲಿನಲ್ಲಿ ಜಗಳ ಹತ್ತಿಕೊಂಡಿತ್ತು. ಏನು ಮಾಡಲೂ ತೋಚದೆ ಗಂಗಲಕ್ಷ್ಮಿ ಹಲಗೆಯತ್ತ ತಿರುಗಿ, ಕಾಯಿ ಕಿವಿಗೆ ಹಿಡಿದ ಒಬ್ಬನನ್ನು ಬರೆದರು. ಹಿಂದೆ ಜಗಳ ನಿಂತಿತು. ತಿರುಗಿ ನೋಡಿದರೆ ಎಲ್ಲರೂ ಒಬ್ಬರನ್ನೊಬ್ಬರು ತಿವಿದು ನಗುತ್ತಿದ್ದರು.

ಅವನನ್ನು ಬರೆಯುವುದಕ್ಕೆ ಒಂದು ಕಟ್ಟುನಿಟ್ಟಿದೆ. ಗುಂಡನೆಯ ತಲೆ, ಎರಡು ಚುಕ್ಕಿ ಕಣ್ಣು, ಎಡ ಹೆಗಲ ಮೇಲೆ ಟವಲು, ಎಡಗಾಲು ಏಣಿಯ ಮೆಟ್ಟಿಲ ಮೇಲೆ. ಮೂಗಿಲ್ಲ, ಮೀಸೆಯಿಲ್ಲ, ಬಾಯಿಯೂ ಇಲ್ಲ.

"ಮೀಸೆ ಬರುದ್ರೆ ಅವ್ನು ಯಾರೋ ಒಬ್ಬ ಆಗ್ಬುಡ್ತಾನೆ" ಎನ್ನುತ್ತಾರೆ ಗಂಗಲಕ್ಷ್ಮಿ. "ಬರೀದೆ ಬುಟ್ರೆ ನೋಡ್ದೋರು ಅವ್ರವ್ರ ಮನೆ ಮೀಸೆ ಅಂಟುಸ್ಕತಾರೆ."

ಈ ಅಂಟಿಸಿಕೊಳ್ಳುವುದೇ ಕಳೆದ ಶ್ರಾವಣದಲ್ಲಿ ಪೇಚಿಗೆ ತಂದಿತು. ಅವತ್ತಿನ ಮೂರು ಚೌಕದಲ್ಲಿ ಅಟ್ಟದಯ್ಯ ಏಳನೇ ತಿಂಗಳಿಗೇ ಐದು ಕಾಯಿ ಒಡೆದಿದ್ದ, ಹೆಂಡತಿ ಬರುವ ಸದ್ದು ಕೇಳಿ ಅರೆಹಸಿ ಹೋಳುಗಳನ್ನು ಎಮ್ಮೆಯ ಬಾನಿಯೊಳಗೆ ಹುಲ್ಲಿನಡಿ ಮುಚ್ಚಿಟ್ಟಿದ್ದ. ಮೂರನೇ ಚೌಕದಲ್ಲಿ ಎಮ್ಮೆ ಕರುಂ ಕುರುಂ ಎಂದು ಜಗಿಯುತ್ತ ಹೆಂಡತಿಯ ಮುಖವನ್ನೇ ನೋಡುತ್ತಿತ್ತು. ಸಾಲಿನಲ್ಲಿದ್ದ ರಂಗಪ್ಪನವರಿಗೆ ನಗು ಬರಲಿಲ್ಲ. ಅರವತ್ತೆಂಟರ ರಂಗಪ್ಪ ಊರಿನ ದೊಡ್ಡ ತೋಟದವರು, ಡೈರಿಗೆ ಅತಿ ಹೆಚ್ಚು ಹಾಲು ಬರುವುದೂ ಅವರ ಕೊಟ್ಟಿಗೆಯಿಂದಲೇ. ಹಿಂದಿನ ಸಂಜೆ ಅವರು ಒಡೆದದ್ದು ಐದೇ ಕಾಯಿ. ಮುಚ್ಚಿಟ್ಟದ್ದು ಬಾನಿಯಲ್ಲೇ.

"ನಮ್ಮನೆ ಅಟ್ಟುದ್ ಮ್ಯಾಲೆ ನಡ್ಯಾದ್ನ ಡೈರಿ ಬೋರ್ಡಲ್ಲಿ ಬರ್ಯಾದೇನಮ್ಮ?" ಎಂದು ಅವರು ಎಲ್ಲರೆದುರು ಗುಡುಗಿದರು. ಗಂಗಲಕ್ಷ್ಮಿಯ ಗಂಡ ಭೀಮರಾಜು ಕೂಡ ಕಾಯಿ ಸುಲಿಯುವವರು, ಅವರೇ ನೋಡಿ ಮನೆಯಲ್ಲಿ ಹೇಳಿರಬೇಕೆಂಬುದು ರಂಗಪ್ಪನವರ ಗುಮಾನಿ. ಭೀಮರಾಜು ಆ ವಾರವಿಡೀ ಕಂದಿಕೆರೆಯಲ್ಲಿ ಕೆಲಸದಲ್ಲಿದ್ದರು. ಯಾರು ಕೇಳಬೇಕು? ಹಲಗೆಯಲ್ಲಿ ಸಂಘದ ವಿಷಯ ಬಿಟ್ಟು ಬೇರೇನೂ ಇರಕೂಡದು, ಇದ್ದರೆ ತಮ್ಮ ಹಾಲು ಇನ್ನೊಂದು ಡೈರಿಗೆ ಎಂದು ಹೇಳಿ ರಂಗಪ್ಪ ಕ್ಯಾನು ಎತ್ತಿಕೊಂಡು ಹೋದರು.

ಗಂಗಲಕ್ಷ್ಮಿ ಅವತ್ತೇ ಒದ್ದೆ ಬಟ್ಟೆಯಲ್ಲಿ ಹಲಗೆ ಒರೆಸಿದರು. ಹನ್ನೊಂದು ದಿನ ಕೆಳಗಿನರ್ಧ ಖಾಲಿ ಇತ್ತು. ಕೆಲಸಕ್ಕೇನೂ ಕುತ್ತಿರಲಿಲ್ಲ, ಹಾಲು ಎಂದಿನಂತೆ ಬರುತ್ತಿತ್ತು, ವ್ಯಾನು ಎಂದಿನಂತೆ ಒಯ್ಯುತ್ತಿತ್ತು. "ಆದ್ರೂ ಬೀಗ ತೆಗ್ಯಾಕೇ ಮನಸ್ಸಾಗ್ತಿರ್ಲಿಲ್ಲ. ಹದಿನಾರು ವರ್ಷ ನನ್ ಜೊತೆ ಇದ್ದೋನು. ಒರ್ಸಿದ್ ದಿನ ಮನೆಗ್ ಹೋಗಿ ಅತ್ತೆ ಕಣ್ರೀ" ಎಂದು ಹೇಳುವಾಗ ಅವರಿಗೆ ಮುಜುಗರವೇನಿಲ್ಲ.

ಹನ್ನೆರಡನೇ ದಿನ ಸಂಘದ ಸಭೆ. ಅಧ್ಯಕ್ಷರು ಹಲಗೆಯ ವಿಚಾರ ಎತ್ತಿದರು. ರಂಗಪ್ಪ ಎದ್ದು, ಬರೆದದ್ದು ತಮ್ಮನ್ನೇ ಎಂದು ಬಾನಿಯ ಸಮೇತ ವಿವರಿಸಿದರು. ಹಾಗೆ ವಿವರಿಸುವಾಗ, ಕಾಯಿ ಒಡೆದ ಗುಟ್ಟನ್ನು ತಾವೇ ಊರಿಗೆ ಒಪ್ಪಿಸುತ್ತಿದ್ದೇವೆಂಬುದು ಅವರಿಗೆ ಹೊಳೆಯಲಿಲ್ಲ. ಅವರ ಹೆಂಡತಿ ರಂಗಮ್ಮ ಹಿಂದಿನ ಸಾಲಿನಲ್ಲೇ ಕೂತಿದ್ದರು.

ಆಗ ಇನ್ನೊಂದು ಮನೆಯ ಸೊಸೆ ನಿರ್ಮಲಾ ಕೈಯೆತ್ತಿದಳು. "ಅಯ್ಯೋ, ಅದು ನಮ್ಮಾವ ಅನ್ಕಂಡಿದ್ನಲ್ಲಾ! ಅವ್ರೂ ಬಾನಿಗೇ ಹಾಕೋದು."

ಮೂಲೆಯಿಂದ ಇನ್ನೊಂದು ದನಿ: "ನಾನು ಹುಲ್ಮೆದೆಗೆ ತುರುಕ್ತೀನಪ್ಪ." ಮತ್ತೊಬ್ಬರು ಬಾವಿಗೆ ಎಸೆದದ್ದನ್ನು ಒಪ್ಪಿಕೊಂಡರು. ನಗು ಇನ್ನೂ ನಿಂತಿರಲಿಲ್ಲ, ನಿಂಗಮ್ಮ ಕ್ಯಾನು ಹಿಡಿದೇ ಎದ್ದರು.

"ನಮ್ಮನೆಯೋರು ಹೋಗಿ ಆರು ವರ್ಷ ಆಯ್ತು" ಎಂದರು. "ಎಡಗಾಲು ಏಣಿ ಮ್ಯಾಲಿಟ್ಕಂಡು ಇಂಗೇ ನಿಂತ್ಕಳೋರು. ಊಟಕ್ ಬನ್ನಿ ಅಂದ್ರೆ, ತಡಿಯೇ, ಸದ್ದು ಬತ್ತೈತೆ ಅನ್ನೋರು. ನಮ್ ಹಸಾ ಮಾರಿ ಎರಡು ವರ್ಷ ಆಯ್ತು ಕಣ್ರಪ್ಪ. ಖಾಲಿ ಕ್ಯಾನ್ ಹಿಡ್ಕಂಡು ದಿನಾ ಯಾಕ್ ಬತ್ತೀನಿ ಅನ್ಕಂಡ್ರಿ? ಹನ್ನೊಂದ್ ದಿನ ಆಯ್ತು, ಅವ್ರು ಕಾಣ್ತಾ ಇಲ್ಲ."

ರಂಗಪ್ಪ ಟವಲಿನಿಂದ ಮುಖ ಒರೆಸಿಕೊಂಡರು. "ಬರೀಲಿ ಬುಡ್ರಪ್ಪ" ಎಂದರು. ಹೇಳಿ ಕೂತ ರಂಗಪ್ಪ ಮತ್ತೆ ಎದ್ದರು. "ಆದ್ರೆ ಒಂದ್ ಮಾತು. ಅಟ್ಟದಯ್ಯ ನಾನೇ ಕಣ್ರೀ. ಟವಲ್ ನೋಡ್ರಿ, ಎಡಗಡೆ!"

ಮರುದಿನ ಐದೂವರೆಗೆ ಗಂಗಲಕ್ಷ್ಮಿ ಬಂದಾಗ ಬಾಗಿಲಲ್ಲಿ ರಂಗಪ್ಪ ಕಾದಿದ್ದರು. ಒಳಗೆ ಬಂದು ಆ ಎಡ ಹೆಗಲ ಟವಲಿನಿಂದಲೇ ಹಲಗೆಯ ಕೆಳಗಿನರ್ಧ ಒರೆಸಿಕೊಟ್ಟರು. ಭೀಮರಾಜುವನ್ನು ಅನುಮಾನಿಸಿದ್ದಕ್ಕೆ ತಪ್ಪಾಯಿತೆಂದು ಅವರು ಬಾಯಿಬಿಟ್ಟು ಹೇಳಲಿಲ್ಲ. ಆ ವರ್ಷ ಕಾಯಿ ಸುಲಿಯಲು ಭೀಮರಾಜುವನ್ನೇ ಕರೆದಾಗ, "ನೀನೇ ಅಲ್ಲಾಡ್ಸಿ ನೋಡಪ್ಪ, ನನ್ ಕಿವಿ ನಂಬ್ಬೇಡ" ಎಂದರಂತೆ.

ಇಷ್ಟು ವರ್ಷ ಊರಿನ ಅಟ್ಟಗಳನ್ನು ಬರೆದ ಗಂಗಲಕ್ಷ್ಮಿಯ ಮನೆಯಲ್ಲಿ ಕಾಯಿ ಒಂದು ದಿನವೂ ಉಳಿದಿರಲಿಲ್ಲ. ಹಿತ್ತಲಲ್ಲಿ ಅವರೇ ನೆಟ್ಟ ಹನ್ನೆರಡು ಮರಗಳಿವೆ, ಆದರೆ ಕೆಡವಿದ ಕಾಯಿಯನ್ನು ಆ ವಾರವೇ ಮಾರಬೇಕಾಗುತ್ತಿತ್ತು. ಒಂದು ವರ್ಷ ಕಾಯುವುದಕ್ಕೂ ಮನೆಗೆ ತ್ರಾಣ ಬೇಕು. ಹೋದ ವರ್ಷ ಭೀಮರಾಜು ನಡುಮನೆಯ ಮೇಲೆ ಅಡ್ಡಕ್ಕೆ ಮರದ ತೀರು ಹಾಸಿ, ಪಟ್ಟಿ ಬಡಿದು ಅಟ್ಟ ಕಟ್ಟಿದರು. ಮುನ್ನೂರ ನಲವತ್ತು ಕಾಯಿ ಏರಿದವು. ದುರ್ಗಯ್ಯ ಇದ್ದಿದ್ದರೆ ನೋಡುತ್ತಿದ್ದರು ಎಂದು ಗಂಗಲಕ್ಷ್ಮಿ ಎರಡು ಸಲ ಹೇಳುತ್ತಾರೆ.

ಈಗ ಎಂಟನೇ ತಿಂಗಳು. ಮೊನ್ನೆ ಭಾನುವಾರ ಗಂಡ ಮನೆಯಲ್ಲಿಲ್ಲದ ಹೊತ್ತು ನೋಡಿ ಗಂಗಲಕ್ಷ್ಮಿ ಏಣಿ ಹತ್ತಿದರು. ಒಂದು ಕಾಯಿ ಕಿವಿಗೆ ಹಿಡಿದರು. ಗಡಗಡ ಎಂದಿತು, ಅಥವಾ ಎಂದಂತಾಯಿತು. ದುರ್ಗಯ್ಯನ ಮಗಳು, ಹದಿನಾರು ವರ್ಷ ಊರನ್ನೆಲ್ಲ ಇದಕ್ಕಾಗಿಯೇ ನಗಿಸಿದ ಹೆಂಗಸು, ಕೆಳಗಿಳಿದು ಮಚ್ಚು ತೆಗೆದುಕೊಂಡರು. ಒಳಗೆ ನೀರಿತ್ತು. ಹೋಳುಗಳನ್ನು ಸೆರಗಿನಲ್ಲಿ ಮುಚ್ಚಿಕೊಂಡು ಪಕ್ಕದ ಮನೆಯ ಎಮ್ಮೆಯ ಬಾನಿಗೆ ಹಾಕಿ ಬಂದರು.

ಸೋಮವಾರ ಬೆಳಗ್ಗೆ ಹಲಗೆಯ ಮೂರು ಚೌಕದಲ್ಲಿ ಟವಲು ಕಾಣಲಿಲ್ಲ. ಅದೇ ಗುಂಡು ತಲೆ, ಅದೇ ಚುಕ್ಕಿ ಕಣ್ಣು, ಏಣಿಯ ಮೇಲೆ ಅದೇ ಎಡಗಾಲು. ಆದರೆ ಹೆಗಲ ಮೇಲೆ ಸೆರಗು, ಹಿಂದೆ ತುರುಬು. ನಿಂಗಮ್ಮ ನೋಡಿ, ನಕ್ಕು, ಅವತ್ತು ಹೋಗದೆ ಅಲ್ಲೇ ನಿಂತರು. ರಂಗಪ್ಪ ಕ್ಯಾನು ಕೆಳಗಿಟ್ಟು, ಕನ್ನಡಕ ಏರಿಸಿ, ಹಲಗೆಗೆ ಮೂಗು ತಾಗುವಷ್ಟು ಬಾಗಿದರು. ಟವಲನ್ನು ಹುಡುಕಿದರು, ಸಿಗಲಿಲ್ಲ.

"ಇದ್ಯಾರ್ ಮನೆ ಅಟ್ಟಾನಮ್ಮ ಗಂಗಾ?"

ಗಂಗಲಕ್ಷ್ಮಿ ಹಾಲು ಅಳೆಯುತ್ತಿದ್ದವರು ತಲೆಯೆತ್ತಲಿಲ್ಲ.

"ನಮ್ದೇ ಕಣಣ್ಣ."